ಟಿವಿ ಬಾಣಸಿಗರ ಹೆಸರಿನ ಕಾವಲಿಯಲ್ಲಿ ನೀರುದೋಸೆ

ಹಂಪನಕಟ್ಟೆಯ ಪಾತ್ರೆ ಅಂಗಡಿಯಲ್ಲಿ ಹತ್ತಾರು ನಾನ್‌ಸ್ಟಿಕ್ ಕಾವಲಿಗಳ ನಡುವೆ ವಂಡರ್‌ಶೆಫ್‌ನದ್ದನ್ನೇ ಎತ್ತಿಕೊಂಡಿದ್ದು ಸಂಜೀವ್ ಕಪೂರ್ ಅವರ ಮೇಲಿನ ಅಭಿಮಾನದಿಂದ. ಝೀ ಟಿವಿಯಲ್ಲಿ 1993ರಲ್ಲಿ ‘ಖಾನಾ ಖಜಾನಾ’ ಶುರುವಾದಾಗ ನಮ್ಮ ಅತ್ತೆಗೆ ಹಿಂದಿ ಒಂದಕ್ಷರ ಬರುತ್ತಿರಲಿಲ್ಲ. ಆದರೂ ಆ ನಗುಮೊಗದ ಮನುಷ್ಯ ಒಗ್ಗರಣೆ ಹಾಕುವುದನ್ನು ಕಣ್ಣು ಕೀಳದೆ ನೋಡುತ್ತಿದ್ದರು; “ಇಂಗು ಹಾಕಲೇ ಇಲ್ಲವಲ್ಲ” ಎಂದು ತಕರಾರನ್ನೂ ಎತ್ತುತ್ತಿದ್ದರು. ಮುಂಬೈಯ ಸೆಂಟಾರ್ ಹೋಟೆಲ್‌ನ ಅಡುಗೆಮನೆಯಲ್ಲಿದ್ದವರು ಯಾವ ಪಾತ್ರವನ್ನೂ ಕಟ್ಟದೆ, ತಾವು ತಾವಾಗಿಯೇ ಕ್ಯಾಮೆರಾ ಮುಂದೆ ನಿಂತು ಹೆಸರು ಮಾಡಿದರು. 2009ರಲ್ಲಿ ಪಾಲುದಾರರಾಗಿ ಈ ಪಾತ್ರೆ ಕಂಪನಿ, 2011ರಲ್ಲಿ ಫುಡ್‌ಫುಡ್ ವಾಹಿನಿ, 2017ರಲ್ಲಿ ಪದ್ಮಶ್ರೀ.

ಇರಲಿ, ದೋಸೆಗೆ ಬರೋಣ. ನೀರುದೋಸೆಗೆ ಇದು ಹೇಳಿ ಮಾಡಿಸಿದಂತಿದೆ. ಕಾವಲಿ ಚೆನ್ನಾಗಿ ಕಾದ ಮೇಲೆ ಹಿಟ್ಟನ್ನು ಅಂಚಿನಿಂದ ಸುರಿಯುತ್ತಾ ಬಂದರೆ ಚುಂಯ್ ಎಂದು ತೂತು ಬೀಳುತ್ತದೆ. ಹಳೆಯ ಮುಚ್ಚಳವನ್ನೇ ಮುಚ್ಚಿ ತೆಗೆದರೆ ಅಂಚು ತಾನಾಗಿಯೇ ಏಳುತ್ತದೆ, ನಾಲ್ಕಾಗಿ ಮಡಚುವುದಷ್ಟೇ ಕೆಲಸ. ತೆಂಗಿನೆಣ್ಣೆ ಒಂದೆರಡು ಹನಿ ಸಾಕು. ಉದ್ದಿನ ದೋಸೆಯನ್ನು ಮಾತ್ರ ನಾನು ಈಗಲೂ ಕಬ್ಬಿಣದ ಕಾವಲಿಯಲ್ಲೇ ಹುಯ್ಯುತ್ತೇನೆ. ಆ ಗರಿಗರಿ ಯಾವ ನಾನ್‌ಸ್ಟಿಕ್‌ನಲ್ಲೂ ಬರುವುದಿಲ್ಲ.

ಬೇಸರವಾದದ್ದು ಅಂಗಡಿಯವರ ಮೇಲೆ. ವಾರಂಟಿ ಕಾರ್ಡಿಗೆ ಮೊಹರು ಒತ್ತದೆ ಕಳುಹಿಸಿದರು. ಅದಕ್ಕಾಗಿ ಸುರತ್ಕಲ್‌ನಿಂದ ಮತ್ತೆ ಬಸ್ ಹತ್ತಬೇಕಾಯಿತು. ನೀವು ಕೊಳ್ಳುವುದಾದರೆ ಮೊಹರು ಒತ್ತಿಸಿಕೊಂಡೇ ಹೊರಡಿ, ಮರದ ಸಟ್ಟುಗವನ್ನೂ ತೆಗೆದುಕೊಳ್ಳಿ.