ಸೇವಂತಿಗೆಗೆ ಚಿಲೇಟೆಡ್ ಕಬ್ಬಿಣದ ಪುಡಿ: ಮೂರು ವರ್ಷ ಬಳಸಿದ ಮೇಲೆ

ಕುಂಡದ ಸೇವಂತಿಗೆಗೆ ಚಿಲೇಟೆಡ್ ಕಬ್ಬಿಣದ ಪುಡಿ ಹಾಕಲು ಶುರು ಮಾಡಿ ಮೂರು ವರ್ಷವಾಯಿತು. ಚಿಲೇಟೆಡ್ ಅಂದರೆ ಕಬ್ಬಿಣ ಮಣ್ಣಲ್ಲಿ ಸಿಕ್ಕಿಕೊಳ್ಳದಂತೆ ಇನ್ನೊಂದು ರಾಸಾಯನಿಕ ಅದನ್ನು ಹಿಡಿದುಕೊಂಡಿರುತ್ತದೆ. ಹಾಗೆ ಹಿಡಿಯುವ ರಾಸಾಯನಿಕಗಳಲ್ಲಿ ಇಡಿಟಿಎ, ಇಡಿಡಿಎಚ್‌ಎ ಎರಡೂ ಬಗೆ ಬಳಸಿದ್ದೇನೆ. ಪುಡಿ ಒಳ್ಳೆಯದೇ. ಆದರೆ ಎಲೆ ಹಳದಿಯಾಯಿತು ಅಂತ ಕೂಡಲೇ ತಂದು ಸುರಿಯಬೇಡಿ. ಯಾವ ಎಲೆ ಹಳದಿಯಾಗಿದೆ ಅಂತ ಮೊದಲು ನೋಡಿ.

ಮೊದಲ ವರ್ಷ ನಾನು ನೋಡಲಿಲ್ಲ. ಬುಡದ ಎಲೆಗಳು ಹಳದಿಯಾಗಿ ಜೋತುಬಿದ್ದಿದ್ದವು. ವಾರಕ್ಕೊಮ್ಮೆ ಪುಡಿ ಕರಗಿಸಿ ಹಾಕಿದೆ. ತಿಂಗಳಾದರೂ ಗುಣ ಕಾಣಲಿಲ್ಲ, ಎರಡು ಗಿಡ ಸತ್ತೇ ಹೋದವು. ಕುಂಡ ಬೋರಲು ಹಾಕಿದಾಗ ಬೇರು ಕಂದುಬಣ್ಣಕ್ಕೆ ತಿರುಗಿ ಮೆತ್ತಗಾಗಿತ್ತು, ಕೆಟ್ಟ ವಾಸನೆ ಬೇರೆ. ನೀರು ನಿಂತು ಬೇರು ಕೊಳೆತಿತ್ತು. ಔಷಧಿ ಅಂತ ನಾನು ಒದ್ದೆ ಮಣ್ಣಿಗೆ ಮತ್ತೆ ಮತ್ತೆ ನೀರನ್ನೇ ಕೊಟ್ಟಿದ್ದೆ. ಆ ಎರಡು ಗಿಡಗಳನ್ನು ನೆನೆದರೆ ಈಗಲೂ ಬೇಜಾರಾಗುತ್ತದೆ.

ಕಬ್ಬಿಣದ ಕೊರತೆ ಬುಡದಿಂದ ಶುರುವಾಗುವುದಿಲ್ಲ. ಹಳೆ ಎಲೆಯಲ್ಲಿರುವ ಕಬ್ಬಿಣವನ್ನು ಗಿಡ ಚಿಗುರಿಗೆ ಸಾಗಿಸಲಾರದು. ಹಾಗಾಗಿ ತುದಿಯ ಎಳೆ ಎಲೆಯೇ ಮೊದಲು ಹಳದಿಯಾಗುತ್ತದೆ, ನರಗಳು ಮಾತ್ರ ಹಸಿರಾಗಿ ಬಲೆಯ ಹಾಗೆ ಕಾಣುತ್ತವೆ. ಸಾರಜನಕ ಹಾಗಲ್ಲ. ಅದು ಕಡಿಮೆಯಾದರೆ ಗಿಡ ಹಳೆ ಎಲೆಯಿಂದ ತೆಗೆದು ಚಿಗುರಿಗೆ ಕೊಡುತ್ತದೆ, ಕೆಳಗಿನ ಎಲೆ ನರ ಸಮೇತ ಪೂರ್ತಿ ಪೇಲವವಾಗುತ್ತದೆ. ಕೆಳಗಿನ ಎಲೆಯಲ್ಲೇ ನರ ಹಸಿರು, ನಡುವೆ ಹಳದಿ ಅಂದರೆ ಮೆಗ್ನೀಸಿಯಂ ಕೊರತೆ ಇರಬಹುದು. ಎಲೆ ತುಂಬ ಸೂಜಿ ಚುಚ್ಚಿದಂಥ ಚುಕ್ಕೆ ಇದ್ದರೆ ಬಿಳಿ ಹಾಳೆಯ ಮೇಲೆ ಎಲೆಯನ್ನು ತಟ್ಟಿ ನೋಡಿ. ಉದುರಿದ ಧೂಳು ಹರಿದಾಡಿದರೆ ಅದು ನುಸಿ. ಇವುಗಳಲ್ಲಿ ಯಾವುದಕ್ಕೂ ಈ ಪುಡಿ ಮದ್ದಲ್ಲ.

ಎರಡನೇ ವರ್ಷ ನಿಜವಾಗಿಯೂ ಚಿಗುರೇ ಹಳದಿಯಾಯಿತು. ಬೇರು ಬಿಳಿಯಾಗಿ ಗಟ್ಟಿಯಾಗಿತ್ತು. ಮಣ್ಣಿನ ಪಿಎಚ್ (ಹುಳಿ-ಕ್ಷಾರದ ಅಳತೆ) ನೋಡಿದರೆ 7.5 ಬಂತು. ಸೇವಂತಿಗೆಗೆ 6ರಿಂದ 6.5 ಇದ್ದರೆ ಹಿತ. ಗಡಸು ನೀರು ಹಾಕಿ ಹಾಕಿ ಏರಿತ್ತು. ಅಂಥ ಮಣ್ಣಲ್ಲಿ ಕಬ್ಬಿಣ ಇದ್ದರೂ ಬೇರಿಗೆ ಸಿಗುವುದಿಲ್ಲ ಅಲ್ವಾ, ಇಡಿಟಿಎ ಪುಡಿಯೂ ಅಷ್ಟೇ. ಪಿಎಚ್ 6.5 ದಾಟಿದರೆ ಅದರ ಹಿಡಿತ ಸಡಿಲವಾಗಿ ಕಬ್ಬಿಣ ಮಣ್ಣಲ್ಲೇ ಸಿಕ್ಕಿಕೊಳ್ಳುತ್ತದೆ. ಮಣ್ಣಿಗೆ ಹಾಕಿದ್ದು ಸುಮ್ನೆ ದಂಡವಾಯಿತು. ಅದೇ ಪುಡಿಯನ್ನು ಲೀಟರಿಗೆ ಅರ್ಧ ಗ್ರಾಂ ಕರಗಿಸಿ ಸಂಜೆ ಹೊತ್ತು ಎಲೆಗೆ ಸಿಂಪಡಿಸಿದಾಗ ಸ್ವಲ್ಪ ಹಸಿರು ಬಂತು, ಆದರೆ ಮುಂದಿನ ಚಿಗುರು ಮತ್ತೆ ಹಳದಿ.

ಆಗ ಇಡಿಡಿಎಚ್‌ಎ ತಂದೆ. ಇದು ಸುಣ್ಣದ ಮಣ್ಣಲ್ಲೂ ಕಬ್ಬಿಣವನ್ನು ಮಣ್ಣಿಗೆ ಬಿಟ್ಟುಕೊಡದೆ ಬೇರಿಗೆ ಸಿಗುವಂತೆ ಹಿಡಿದಿಡುತ್ತದೆ. ಬುಡಕ್ಕೆ ಒಂದು ಸಲ ಹಾಕಿದೆ. ಹತ್ತು ಹನ್ನೆರಡು ದಿನಕ್ಕೆ ಹೊಸ ಎಲೆ ದಟ್ಟ ಹಸಿರಾಗಿ ಬಂತು. ನನಗಾದ ಖುಷಿ ಅಷ್ಟಿಷ್ಟಲ್ಲ! ಕಬ್ಬಿಣದ ಪ್ರಮಾಣ ಇದರಲ್ಲಿ ಕಡಿಮೆ, ಸುಮಾರು 6%. ಇಡಿಟಿಎಯಲ್ಲಿ 12% ಇರುತ್ತದೆ. ಅಂಕಿ ನೋಡಿ ಮೋಸಹೋಗಬೇಡಿ. ನಿಮ್ಮ ಮಣ್ಣಿನ ಪಿಎಚ್ ನೋಡಿ ಆರಿಸಿ.

ದೂರುಗಳೂ ಇವೆ. ಇಡಿಡಿಎಚ್‌ಎಯ ಕಡುಗೆಂಪು ಕಲೆ ಬಟ್ಟೆ, ನೆಲ ಎರಡಕ್ಕೂ ಹಿಡಿಯುತ್ತದೆ, ಕೈಗವಸು ಬೇಕೇ ಬೇಕು. ಎಲೆ ಮೇಲೆ ಬಿದ್ದರೂ ಕಲೆಯಾಗುತ್ತದೆ, ಹಾಗಾಗಿ ಬುಡಕ್ಕೆ ಮಾತ್ರ ಹಾಕುತ್ತೇನೆ. ಬೆಳಕಿಗೆ ಪುಡಿ ಕೆಡುತ್ತದೆ, ಪಾರದರ್ಶಕ ಡಬ್ಬಿ ಬೇಡ. ಕೆಲವು ಪೊಟ್ಟಣಗಳ ಮೇಲೆ ಬರೀ ‘ಚಿಲೇಟೆಡ್’ ಅಂತ ಬರೆದಿರುತ್ತದೆ, ಯಾವ ಬಗೆ ಅಂತ ಇರುವುದಿಲ್ಲ. ಅಂಥದ್ದನ್ನು ನಾನು ಕೊಳ್ಳುವುದಿಲ್ಲ.

ಈ ವರ್ಷ ಚಿಗುರು ಬಣ್ಣಗೆಟ್ಟಾಗ ಎರಡು ಸಲ ಮಾತ್ರ ಹಾಕಿದ್ದೇನೆ. ಹೂವು ಮುಗಿದ ಗಿಡಗಳ ಬುಡದ ಎಲೆ ಈಗ ಹಳದಿಯಾಗುತ್ತಿವೆ. ಅದು ವಯಸ್ಸಾದ ಎಲೆ, ಕಿತ್ತು ಹಾಕುತ್ತಿದ್ದೇನೆ ಅಷ್ಟೇ. ಡಬ್ಬಿಯಲ್ಲಿ ಇನ್ನೂ ಅರ್ಧ ಪುಡಿ ಉಳಿದಿದೆ. ಮುಗಿದ ಮೇಲೆ ಇಡಿಡಿಎಚ್‌ಎಯನ್ನೇ ತರುತ್ತೇನೆ, ಚಿಕ್ಕ ಪೊಟ್ಟಣ ಸಾಕು.