ಕುದುರೆಮುಖವೋ, ಸಂಡೂರೋ?

ಸುತ್ತಾಡೋಕೆ ಎರಡರಲ್ಲಿ ಎಲ್ಲಿಗೆ ಹೋಗೋದು? ಎರಡೂ ಕಬ್ಬಿಣದ ಅದಿರು ಅಗೆದ ಕಣಿವೆಗಳೇ. ಆದರೆ ಕುದುರೆಮುಖದಲ್ಲಿ ಗಣಿ 2005ರ ಕೊನೆಗೆ ನಿಂತೇ ಹೋಯಿತು. ಸಂಡೂರಿನಲ್ಲಿ ಇನ್ನೂ ನಡೆಯುತ್ತಿದೆ.

ಗಣಿ ಬಿಟ್ಟುಹೋದ ಊರು ಹೇಗಿರುತ್ತದೆ ಅಂತ ನೋಡಬೇಕಾ? ಕುದುರೆಮುಖಕ್ಕೆ ಹೋಗಿ. ಕಂಪನಿ ಕಟ್ಟಿಸಿದ ಟೌನ್‌ಶಿಪ್‌ನಲ್ಲಿ ಸಾಲು ಸಾಲು ಕ್ವಾರ್ಟರ್ಸ್ ಖಾಲಿ ಬಿದ್ದಿವೆ. ಲಕ್ಯಾ ಅಣೆಕಟ್ಟು ಕಟ್ಟಿದ್ದು ನೀರಾವರಿಗಲ್ಲ, ಅದಿರು ತೊಳೆದ ಹೂಳು ಭದ್ರೆಗೆ ಸೇರದಂತೆ ತಡೆಯೋದಕ್ಕೆ. ಅದಿರನ್ನು ಪುಡಿ ಮಾಡಿ, ನೀರಲ್ಲಿ ಕಲಸಿ, ಘಾಟಿ ಇಳಿಸಿ ಮಂಗಳೂರಿಗೆ ಪೈಪಿನಲ್ಲೇ ಕಳಿಸುತ್ತಿದ್ದರು! ಈಗ ಸುತ್ತಲೂ ರಾಷ್ಟ್ರೀಯ ಉದ್ಯಾನ. ಮನಸ್ಸು ಬಂದಲ್ಲಿ ಗಾಡಿ ನಿಲ್ಲಿಸಿ ಅಡ್ಡಾಡುವ ಹಾಗಿಲ್ಲ. ಚಾರಣಕ್ಕೆ ಅರಣ್ಯ ಇಲಾಖೆಯಲ್ಲಿ ಮೊದಲೇ ಬುಕ್ ಮಾಡಬೇಕು. ಮಳೆಗಾಲದಲ್ಲಿ ಇಂಬಳಗಳ ಕಾಟ ಬೇರೆ.

ಸಂಡೂರು ಸಲೀಸು. ಹಂಪಿಗೆ ಬಂದವರು ಹೊಸಪೇಟೆಯಿಂದ ಹಾಗೇ ಹೋಗಿಬರಬಹುದು. ಕುಮಾರಸ್ವಾಮಿ ಮತ್ತು ಪಾರ್ವತಿ ಗುಡಿಗಳು, ನಾರಿಹಳ್ಳ ಜಲಾಶಯ, ಲಂಬಾಣಿ ಕಸೂತಿ. ಒಂದು ದಿನಕ್ಕೆ ಬೇಕಾದಷ್ಟಾಯಿತು, ಅಲ್ವಾ? ಅದಿರು ಲಾರಿಗಳ ಕೆಂಪು ಧೂಳು ಮಾತ್ರ ಜಾಸ್ತಿ, ಬಿಳಿ ಬಟ್ಟೆ ಬೇಡ. ಮಳೆ ಮುಗಿಯುವ ಹೊತ್ತಿಗೆ ಹೋದರೆ ಗುಡ್ಡಗಳೆಲ್ಲ ಹಸಿರು.

ಮಕ್ಕಳು, ವಯಸ್ಸಾದವರು ಜೊತೆಗಿದ್ದರೆ ಸಂಡೂರೇ ಸರಿ. ಕಾಲಿಗೆ ಶಕ್ತಿ, ಕೈಯಲ್ಲಿ ಎರಡು ದಿನ ಇದ್ದರೆ ನಾನಂತೂ ಕುದುರೆಮುಖ ಬಿಡುವುದಿಲ್ಲ.