ಕ್ರೋನೋ ಟ್ರಿಗರ್: ಮೂವರನ್ನಷ್ಟೇ ದಾಟಿಸುವ ಕಾಲದ ಗಡಿ

ನಾನು ವರ್ಷಗಳಿಂದ ಮತ್ತೆ ಮತ್ತೆ ಆಡುತ್ತಿರುವ ಕ್ರೋನೋ ಟ್ರಿಗರ್ ಎಂಬ ವಿಡಿಯೋ ಗೇಮಿನ ವಿಮರ್ಶೆ ಇದು. ಕಥೆಯ ಗುಟ್ಟುಗಳೆಲ್ಲ ಬರುತ್ತವೆ, ಇನ್ನೂ ಆಡದವರು ಆಡಿ ಮುಗಿಸಿ ಬನ್ನಿ.

1995ರಲ್ಲಿ ನಿಂಟೆಂಡೊದ ಗೇಮ್ ಯಂತ್ರ ಸೂಪರ್ ಫ್ಯಾಮಿಕಾಮ್‌ಗೆ ಬಂದ ಆಟವಿದು. ಹಿರೊನೊಬು ಸಕಾಗುಚಿ, ಯೂಜಿ ಹೊರಿಯಿ, ಅಕಿರಾ ಟೊರಿಯಾಮಾ ಒಟ್ಟಾಗಿ ರೂಪಿಸಿದ್ದು. ಕಾದಾಟದ ಬಗ್ಗೆ, ಯಾಸುನೊರಿ ಮಿತ್ಸುದಾ ಅವರ ಸಂಗೀತದ ಬಗ್ಗೆ ಎಲ್ಲರೂ ಬರೆದಿದ್ದಾರೆ. ನನ್ನನ್ನು ಇಷ್ಟು ಕಾಲ ಹಿಡಿದಿಟ್ಟಿರುವುದು ಬೇರೆಯೇ ಒಂದು ಸಂಗತಿ: ಕಾಲದಿಂದ ಕಾಲಕ್ಕೆ ದಾಟಲು ಈ ಆಟ ಹಾಕಿರುವ ಕಟ್ಟುಪಾಡು.

ಕ್ರಿ.ಪೂ. 6.5 ಕೋಟಿಯಿಂದ ಕ್ರಿ.ಶ. 2300ರವರೆಗೆ ಬೇರೆ ಬೇರೆ ಯುಗಗಳನ್ನು ಸೇರಿಸುವ ದ್ವಾರಗಳಿವೆ. ಅವು ತಾವಾಗಿ ತೆರೆದುಕೊಳ್ಳುವುದಿಲ್ಲ, ಕಥಾನಾಯಕ ಕ್ರೋನೋನ ಗೆಳತಿ ಲೂಕಾ ಮಾಡಿದ ಕೀಲಿ ಬೇಕು. ಆರಂಭದಲ್ಲಿ ಇಷ್ಟೇ ನಿಯಮ ಎಂದುಕೊಂಡು ಆಡುತ್ತಿರುತ್ತೇವೆ. 2300ರ ಹಾಳುಬಿದ್ದ ಲೋಕದಲ್ಲಿ ಕ್ರೋನೋ, ಲೂಕಾ, ರಾಜಕುಮಾರಿ ಮಾರ್ಲ್ ಈ ಮೂವರಿಗೆ ರೋಬೋ ಎಂಬ ಯಂತ್ರಮಾನವ ಜೊತೆಯಾಗುತ್ತಾನೆ, ನಾಲ್ವರೂ ದ್ವಾರದೊಳಗೆ ಕಾಲಿಡುತ್ತಾರೆ. ಹೊರಬರುವುದು ಮಾತ್ರ ಯಾವ ಯುಗಕ್ಕೂ ಸೇರದ ಒಂದು ಜಾಗಕ್ಕೆ. ಸುತ್ತ ಮಂಜು, ಒಂದು ದೀಪದ ಕಂಬ, ಅದರ ಕೆಳಗೆ ತೂಕಡಿಸುತ್ತಿರುವ ಮುದುಕ. ನಾಲ್ವರು ಅಥವಾ ಹೆಚ್ಚು ಮಂದಿ ಒಟ್ಟಿಗೆ ದ್ವಾರ ಹೊಕ್ಕರೆ ತಡೆ ಅತಿ ಕಡಿಮೆ ಇರುವ ತಾಣಕ್ಕೆ, ಅಂದರೆ ಕಾಲದ ಕೊನೆಗೆ, ಬಂದು ಬೀಳುತ್ತಾರೆ ಎಂದು ವಿವರಿಸುವವನು ಅವನೇ. ಇಲ್ಲಿಂದ ಮುಂದಕ್ಕೆ ಮೂವರೇ ಹೋಗಬೇಕು, ಮಿಕ್ಕವರು ಇಲ್ಲೇ ಕಾಯಬೇಕು.

ಈ ಬಗೆಯ ಆಟಗಳಲ್ಲಿ ತಂಡಕ್ಕೆ ಮಿತಿ ಇರುವುದು ಮಾಮೂಲು, ಕಾರಣವನ್ನು ಯಾರೂ ಕೇಳುವುದಿಲ್ಲ. ಇಲ್ಲಿ ಆ ಮಿತಿಯನ್ನೇ ಲೋಕದ ನಿಯಮ ಮಾಡಿದ್ದಾರೆ. ದೊಡ್ಡ ಜಂಕ್ಷನ್ನಿನಲ್ಲಿ ರೈಲು ಬದಲಿಸುವವರ ಹಾಗೆ ಇಲ್ಲಿ ನಿಂತು, ಯಾರನ್ನು ಕರೆದೊಯ್ಯಲಿ, ಯಾರನ್ನು ಬಿಡಲಿ ಎಂದು ಯೋಚಿಸಬೇಕು. ಆ ಮುದುಕ ಗ್ಯಾಸ್ಪರ್ ಕೂಡ ಕ್ರಿ.ಪೂ. 12,000ದ ಜೀಲ್ ರಾಜ್ಯದಿಂದ ಇಲ್ಲಿಗೆ ಎಸೆಯಲ್ಪಟ್ಟವನು ಎಂದು ಗೊತ್ತಾದ ಮೇಲೆ ಈ ಜಾಗ ಇನ್ನಷ್ಟು ತಟ್ಟುತ್ತದೆ.

ಗಡಿಯ ತರ್ಕ ಎಲ್ಲ ಕಡೆ ಬಿಗಿಯಾಗಿದೆ ಎನ್ನಲಾರೆ. ಕೆಲವು ಮುಚ್ಚಿದ ಪೆಟ್ಟಿಗೆಗಳ ವಿಷಯವನ್ನೇ ನೋಡಿ. ಕ್ರಿ.ಶ. 600ರಲ್ಲಿ ಪೆಟ್ಟಿಗೆಗೆ ಮಾರ್ಲ್ ಧರಿಸುವ ಪದಕದ ಶಕ್ತಿ ತಾಕಿಸಿ, ಒಳಗಿನದನ್ನು ತೆಗೆಯದೆ ಬಿಟ್ಟರೆ, 1000ದಲ್ಲಿ ಅದೇ ವಸ್ತು ಬಲಿತು ಸಿಗುತ್ತದೆ. ಅದನ್ನು ಎತ್ತಿಕೊಂಡು 600ಕ್ಕೆ ಮರಳಿದರೆ ಹಳೆಯದೂ ಸಿಗುತ್ತದೆ! ಹಿಂದೆಯೇ ತೆಗೆದ ಮೇಲೆ ಮುಂದಿನದು ಉಳಿದದ್ದು ಹೇಗೆ? ಆಟದಲ್ಲಿ ಉತ್ತರವಿಲ್ಲ. ಆದರೆ ಇದೇ ಆಟದ ಆರಂಭದಲ್ಲಿ 600ರ ರಾಣಿ ಅಪಾಯಕ್ಕೆ ಸಿಕ್ಕಾಗ ಅವಳ ವಂಶದ ಮಾರ್ಲ್ ಕಣ್ಣೆದುರೇ ಮಾಯವಾಗುತ್ತಾಳೆ. ಒಂದು ಕಡೆ ಇಷ್ಟು ಕಟ್ಟುನಿಟ್ಟು, ಇನ್ನೊಂದು ಕಡೆ ಅಷ್ಟು ಸಡಿಲ. ಇದು ನಿಜವಾದ ಕೊರತೆ.

ಕಾಲದಿಂದ ಕಾಲಕ್ಕೆ ಹಾರುವ ಎಪೋಕ್ ವಾಹನ ಕೈಗೆ ಬಂದ ಮೇಲೆ ದ್ವಾರಗಳ ಮಹತ್ವ ಇಳಿಯುತ್ತದೆ. ಅನುಕೂಲವೇನೋ ಹೌದು, ಆದರೆ ಎಲ್ಲಿಗೆ ಬೇಕೋ ಅಲ್ಲಿಗೆ ಹಾರಬಹುದು ಎಂದಾದಾಗ ದಾಟುವ ಭಯ ಹೋಗುತ್ತದೆ.

ಆ ಕೊರತೆಯನ್ನೆಲ್ಲ ತುಂಬಿಕೊಡುವ ಅಧ್ಯಾಯವೊಂದಿದೆ. ಮರುಭೂಮಿಯಾದ ನೆಲದಲ್ಲಿ ಕಾಡು ಬೆಳೆಸಲು ರೋಬೋ 600ರಲ್ಲಿ ಉಳಿದು ನಾನೂರು ವರ್ಷ ದುಡಿಯುತ್ತಾನೆ. ಗೆಳೆಯರು ಕ್ಷಣದಲ್ಲಿ ದಾಟುವ ಕಾಲವನ್ನು ಅವನೊಬ್ಬ ದಿನದಿನವೂ ಬದುಕಿ ದಾಟುತ್ತಾನೆ. ಅವನನ್ನು ಮತ್ತೆ ಸೇರಿಕೊಂಡ ರಾತ್ರಿ, ಬೆಂಕಿಯ ಸುತ್ತ ಕೂತಾಗ ಅವನು ಹೇಳುವುದು ಇಷ್ಟು: ಈ ದ್ವಾರಗಳನ್ನು ತೆರೆದದ್ದು 1999ರಲ್ಲಿ ಲೋಕವನ್ನು ಹಾಳುಗೆಡವುವ ದೈತ್ಯಜೀವಿ ಲಾವೋಸ್ ಇರಲಾರದು, ಯಾರೋ ತಮ್ಮ ನೆನಪುಗಳನ್ನು ನಮಗೆ ತೋರಿಸುತ್ತಿದ್ದಾರೆ. ಎಲ್ಲರೂ ಮಲಗಿದ ಮೇಲೆ ಲೂಕಾ ಒಬ್ಬಳಿಗೇ ಕೆಂಪು ದ್ವಾರವೊಂದು ತೆರೆಯುತ್ತದೆ. ಹತ್ತು ವರ್ಷ ಹಿಂದೆ ಅಮ್ಮ ಯಂತ್ರಕ್ಕೆ ಸಿಕ್ಕಿ ಕಾಲು ಕಳೆದುಕೊಂಡ ದಿನ ಅದು. ಯಂತ್ರ ನಿಲ್ಲಿಸುವ ಗುಟ್ಟಿನ ಪದ ಅಮ್ಮನ ಹೆಸರೇ, ಲಾರಾ. ಹೊತ್ತಿಗೆ ಸರಿಯಾಗಿ ಹಾಕಲಾಗದಿದ್ದರೆ ನಡೆದದ್ದು ನಡೆದಂತೆಯೇ ಉಳಿಯುತ್ತದೆ, ಆ ದ್ವಾರ ಇನ್ನೊಮ್ಮೆ ತೆರೆಯುವುದಿಲ್ಲ. ಅಷ್ಟು ಹೊತ್ತಿಗೆ ಲೋಕದ ಇತಿಹಾಸವನ್ನೇ ತಿದ್ದಿ ಬಂದಿರುತ್ತೇವೆ, ಆದರೂ ಒಂದು ಮನೆಯ ದುಃಖದ ಮುಂದೆ ಕೈ ನಡುಗುತ್ತದೆ.

ಯಾವುದನ್ನು ಕೊಳ್ಳಬೇಕು? ನಾನೀಗ ಆಡುವುದು ಕಂಪ್ಯೂಟರಿಗೆ ಬಂದ ಸ್ಟೀಮ್ ಆವೃತ್ತಿ. 2018ರಲ್ಲಿ ಅದು ಬಂದಾಗ ಮಸುಕಾದ ಚಿತ್ರ, ಮೊಬೈಲಿನದೇ ಮೆನು ಎಂದು ಆಟಗಾರರು ತಕರಾರು ತೆಗೆದಿದ್ದರು. ಅದೇ ವರ್ಷದ ಅಪ್‌ಡೇಟ್‌ಗಳಲ್ಲಿ ಮೂಲ ಚಿತ್ರಶೈಲಿಯ ಆಯ್ಕೆ ಸೇರಿತು, ಸೆಟ್ಟಿಂಗ್ಸ್‌ನಲ್ಲಿ ಮೊದಲು ಅದನ್ನು ಹಾಕಿಕೊಳ್ಳಿ. ಕನ್ನಡದಲ್ಲಿ ಇಲ್ಲ, ಇಂಗ್ಲಿಷ್ ಓದಲೇಬೇಕು. ನಿಂಟೆಂಡೊದ ಕೈಯಲ್ಲಿ ಹಿಡಿದು ಆಡುವ ಯಂತ್ರ ಡಿಎಸ್‌ಗೆ 2008ರಲ್ಲಿ ಬಂದ ಆವೃತ್ತಿಯಲ್ಲಿ ಸೇರಿಸಿದ ಲಾಸ್ಟ್ ಸ್ಯಾಂಕ್ಟಮ್ ಭಾಗ ಇದರಲ್ಲೂ ಇದೆ. ಅದೇ ಬೆಟ್ಟ ಹತ್ತಿ ಇಳಿಯುವ ಓಡಾಟ, ಬಿಟ್ಟರೆ ನಷ್ಟವಿಲ್ಲ.

ಒಮ್ಮೆ ಮುಗಿಸಿದವರು, ಮೊದಲಿನಿಂದ ಮತ್ತೆ ಆಡುವ ನ್ಯೂ ಗೇಮ್ ಪ್ಲಸ್ ಬಿಡಬೇಡಿ. ಗಳಿಸಿದ ಬಲವೆಲ್ಲ ಜೊತೆಗೆ ಬರುತ್ತದೆ. ಕಾಲದ ಕೊನೆಯಲ್ಲಿರುವ ಬಕೆಟ್ಟಿನೊಳಗಿನ ದ್ವಾರ ನೇರವಾಗಿ 1999ಕ್ಕೆ, ಲಾವೋಸ್ ಎದುರಿಗೆ ಒಯ್ಯುತ್ತದೆ. ಕಥೆಯ ಯಾವ ಹಂತದಲ್ಲಿ ಅವನನ್ನು ಸೋಲಿಸುತ್ತೀರಿ ಎಂಬುದರ ಮೇಲೆ ಮುಕ್ತಾಯ ಬದಲಾಗುತ್ತದೆ, ಅಂಥವು ಹತ್ತಕ್ಕೂ ಹೆಚ್ಚು ಇವೆ. ಹಂತಕ್ಕೊಂದು ಸೇವ್ ಬೇರೆಯಾಗಿ ಇಟ್ಟುಕೊಂಡೇ ಹೋಗಿ.